ಆಟದ ಹೊರಗೆ ನಿಂತ ಕವಿ

ಕಮ್ಮಿಂಗ್‌ನಿಂದ 400ನೇ ಹೆದ್ದಾರಿ ಹಿಡಿದು ಅಟ್ಲಾಂಟಾ ನಗರವನ್ನು ದಾಟಿ, ಅಲ್ಲಿಂದ 85ನೇ ಅಂತರರಾಜ್ಯ ಹೆದ್ದಾರಿಯಲ್ಲಿ ನೈಋತ್ಯಕ್ಕೆ ಸಾಗಿದರೆ ಅಲಬಾಮಾ ರಾಜ್ಯದ ಗಡಿ ಸಿಗುತ್ತದೆ. ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸಿಕೊಂಡು ಇನ್ನಷ್ಟು ಮುಂದೆ ಹೋದರೆ ಆಬರ್ನ್ ಎಂಬ ವಿಶ್ವವಿದ್ಯಾಲಯದ ಊರು. ಜಾರ್ಜಿಯಾದ ಕನ್ನಡ ಮನೆಗಳಲ್ಲಿ ಈ ಹೆಸರು ಕೇಳಿಬರುವುದು ಮಕ್ಕಳು ಕಾಲೇಜಿಗೆ ಅರ್ಜಿ ಹಾಕುವ ದಿನಗಳಲ್ಲಿ, ಇಲ್ಲವೇ ಅಮೆರಿಕನ್ ಫುಟ್‌ಬಾಲ್ ಪಂದ್ಯವಿರುವ ಶನಿವಾರ. ಕ್ಯೂಬಾ ದ್ವೀಪದ ಏಕಪಕ್ಷ ಆಡಳಿತವನ್ನು ತೆಳ್ಳನೆಯ ಒಂದು ಕವನ ಸಂಕಲನದಿಂದ ಕಂಗೆಡಿಸಿದ ಕವಿಯೊಬ್ಬರು 2000ನೇ ಇಸವಿಯ ಸೆಪ್ಟೆಂಬರ್ 25ರಂದು ಇದೇ ಊರಿನಲ್ಲಿ ತೀರಿಕೊಂಡರೆಂಬುದು ನಮ್ಮಲ್ಲಿ ಹೆಚ್ಚು ಮಂದಿಗೆ ತಿಳಿದಿರಲಾರದು. ಅವರ ಹೆಸರು ಎಬೆರ್ತೊ ಪಾದೀಯಾ. ಇಂಗ್ಲಿಷಿನವರಂತೆ ಓದಿದರೆ ಹೆಬರ್ಟೊ ಪಡಿಲ್ಲಾ ಎಂದಾಗುತ್ತದೆ. ಸ್ಪ್ಯಾನಿಷ್‌ನಲ್ಲಿ ಮೊದಲಿನ ಹಕಾರಕ್ಕೆ ಧ್ವನಿಯಿಲ್ಲ, ಜೋಡಿ ಲಕಾರ ಯಕಾರವಾಗಿ ಕರಗುತ್ತದೆ. ಇಲ್ಲಿನ ಶಾಲೆಗಳಲ್ಲಿ ಹಾಜರಿ ಕರೆಯುವಾಗ ನಮ್ಮ ಮಕ್ಕಳ ಹೆಸರುಗಳಿಗೆ ಒದಗುವ ಪಾಡನ್ನು ಬಲ್ಲ ನಾವು ಇನ್ನೊಬ್ಬರ ಹೆಸರನ್ನಾದರೂ ನೆಟ್ಟಗೆ ಉಚ್ಚರಿಸುವುದು ಲೇಸು.

ಪಾದೀಯಾ ಹುಟ್ಟಿದ್ದು 1932ರ ಜನವರಿ 20ರಂದು, ಕ್ಯೂಬಾದ ಪಶ್ಚಿಮದ ಪಿನಾರ್ ದೆಲ್ ರಿಯೊ ಪ್ರಾಂತ್ಯದ ಪುಯೆರ್ತಾ ದೆ ಗೋಲ್ಪೆ ಎಂಬ ಊರಿನಲ್ಲಿ. ಅದು ಹೊಗೆಸೊಪ್ಪಿನ ಸೀಮೆ. ಜಗತ್ತಿಗೆ ಹವಾನಾ ಚುಟ್ಟಾ ಎಂದು ಪರಿಚಿತವಾದ ಸರಕಿನ ಎಲೆ ಬೆಳೆಯುವುದು ಆ ಪ್ರಾಂತ್ಯದ ಮಣ್ಣಿನಲ್ಲಿ. ನಿಪ್ಪಾಣಿಯ ಕಡೆಯವರಿಗೆ ಅಲ್ಲಿಯ ಗಾಳಿಯ ಘಾಟನ್ನು ಊಹಿಸಿಕೊಳ್ಳುವುದು ಕಷ್ಟವಾಗದು. ಹದಿನೇಳನೆಯ ವಯಸ್ಸಿಗೇ ಮೊದಲ ಕವನ ಸಂಕಲನ ಹೊರಬಂದಿತು. ಅದರ ಬೆನ್ನಿಗೇ ಅವರು ಅಮೆರಿಕಕ್ಕೆ ಬಂದರು. ಕೆಲವು ವರ್ಷ ಇದ್ದು, ಊರಿಗೆ ಮರಳಿ, ಮತ್ತೆ ಬಂದರು. ಇಂಗ್ಲಿಷ್ ಕಾವ್ಯವನ್ನು ಮನಸ್ಸಿಟ್ಟು ಓದಿದ್ದು ಈ ಅವಧಿಯಲ್ಲಿ. ಹೊಟ್ಟೆಪಾಡಿಗೆ ಭಾಷೆ ಕಲಿಸುವುದು, ರಾತ್ರಿ ಕವಿತೆ ಬರೆಯುವುದು, ಹೀಗೆ ಸಾಗಿತ್ತು ಆ ತರುಣನ ಜೀವನ. ಮುಂದೆ ಇದೇ ದೇಶದಲ್ಲಿ ಇದೇ ಕಸುಬಿನಿಂದ ಮುಪ್ಪನ್ನು ಕಳೆಯಬೇಕಾದೀತೆಂದು ಆಗ ಅವರಿಗೆ ಹೊಳೆದಿರಲಿಕ್ಕಿಲ್ಲ.

1959ರ ಜನವರಿ 1ರಂದು ಸರ್ವಾಧಿಕಾರಿ ಬತಿಸ್ತಾ ದೇಶ ಬಿಟ್ಟು ಓಡಿಹೋದಾಗ ಪಾದೀಯಾ ಅಮೆರಿಕದಲ್ಲಿದ್ದರು. ಸುದ್ದಿ ತಿಳಿದು ಸಂತೋಷದಿಂದಲೇ ಹವಾನಾಕ್ಕೆ ಮರಳಿದರು. ಈ ಮಾತನ್ನು ಒತ್ತಿ ಹೇಳಬೇಕು, ಏಕೆಂದರೆ ಪಾದೀಯಾ ಕ್ರಾಂತಿಯ ಜನ್ಮಶತ್ರುವಾಗಿರಲಿಲ್ಲ. ಬತಿಸ್ತಾ ಕಾಲದ ಕ್ಯೂಬಾದಲ್ಲಿ ಜೂಜುಕೋರರೂ ಸಕ್ಕರೆ ಕಂಪನಿಗಳೂ ಮೆರೆಯುತ್ತಿದ್ದುದನ್ನು ಕಣ್ಣಾರೆ ಕಂಡವರು ಅವರು. ಹೊಸ ಸರಕಾರ 1961ರಲ್ಲಿ ಹಳ್ಳಿಹಳ್ಳಿಗೆ ಹದಿಹರೆಯದ ಮಕ್ಕಳನ್ನು ಕಳುಹಿಸಿ ಲಕ್ಷಾಂತರ ಜನರಿಗೆ ಅಕ್ಷರ ಕಲಿಸಿತು. ಅದೇ ವರ್ಷದ ಏಪ್ರಿಲ್‌ನಲ್ಲಿ ಅಮೆರಿಕ ಹಣ ಕೊಟ್ಟು ಸಜ್ಜುಗೊಳಿಸಿದ ಪಡೆಯೊಂದು ಹಂದಿಗಳ ಕೊಲ್ಲಿಯಲ್ಲಿ ಇಳಿದು ಸೋತುಹೋಯಿತು. ಇಂಥ ದಿನಗಳಲ್ಲಿ ತರುಣನೊಬ್ಬ ಹೊಸ ಸರಕಾರದ ಪಕ್ಷ ವಹಿಸಿದ್ದರಲ್ಲಿ ಆಶ್ಚರ್ಯವೇನೂ ಇಲ್ಲ.

ಕ್ರಾಂತಿಯ ಮುಖಪತ್ರಿಕೆಯಾದ ‘ರೆವಲೂಸಿಯೋನ್’ನಲ್ಲಿ, ಹಾಗೂ ಅದರ ಸೋಮವಾರದ ಸಾಹಿತ್ಯ ಪುರವಣಿಯಲ್ಲಿ ಪಾದೀಯಾ ಕೆಲಸ ಮಾಡಿದರು. ಪುರವಣಿಯ ಸಂಪಾದಕರು ಕಾದಂಬರಿಕಾರ ಗಿಯೆರ್ಮೊ ಕಾಬ್ರೆರಾ ಇನ್ಫಾಂತೆ. ಹವಾನಾದ ರಾತ್ರಿಜೀವನವನ್ನು ತೋರಿಸುವ ಪುಟ್ಟದೊಂದು ಚಿತ್ರವನ್ನು ಸರಕಾರ ನಿಷೇಧಿಸಿದ್ದನ್ನು ಪುರವಣಿಯ ಬಳಗ ಪ್ರಶ್ನಿಸಿತು. 1961ರ ಜೂನ್‌ನಲ್ಲಿ ಲೇಖಕರನ್ನೂ ಕಲಾವಿದರನ್ನೂ ರಾಷ್ಟ್ರೀಯ ಗ್ರಂಥಾಲಯದಲ್ಲಿ ಸೇರಿಸಿ ಫಿಡೆಲ್ ಕ್ಯಾಸ್ಟ್ರೊ ತಮ್ಮ ನಿಲುವನ್ನು ತಿಳಿಸಿದರು: ಕ್ರಾಂತಿಯ ಒಳಗಿದ್ದು ಏನು ಬರೆದರೂ ಸರಿ, ಅದರ ವಿರುದ್ಧ ಬರೆಯಲು ಯಾರಿಗೂ ಹಕ್ಕಿಲ್ಲ. ಒಳಗೆ ಯಾವುದು, ವಿರುದ್ಧ ಯಾವುದು ಎಂಬುದನ್ನು ಯಾರು ತೀರ್ಮಾನಿಸಬೇಕೆಂಬ ಪ್ರಶ್ನೆ ಮಾತ್ರ ಉಳಿಯಿತು. ಅದೇ ವರ್ಷ ಪುರವಣಿ ನಿಂತುಹೋಯಿತು. 1965ರಲ್ಲಿ ಕ್ಯೂಬಾ ಕಮ್ಯುನಿಸ್ಟ್ ಪಕ್ಷ ತನ್ನ ಈಗಿನ ಹೆಸರಿನಲ್ಲಿ ಸ್ಥಾಪಿತವಾಯಿತು. 1976ರ ಸಂವಿಧಾನ ಆ ಪಕ್ಷವನ್ನು ರಾಜ್ಯಕ್ಕೂ ಸಮಾಜಕ್ಕೂ ಸರ್ವೋಚ್ಚ ಮಾರ್ಗದರ್ಶಿಯೆಂದು ಬರೆದಿಟ್ಟಿತು. ಬೇರೆ ಪಕ್ಷವಿಲ್ಲ, ಬೇರೆ ಪತ್ರಿಕೆಯಿಲ್ಲ, ಬೇರೆ ಪ್ರಕಾಶಕನಿಲ್ಲ. ಸರಕಾರದೊಡನೆ ಜಗಳವಾಡಿದ ಲೇಖಕ ಹೋಗಿ ತಟ್ಟಬಹುದಾದ ಇನ್ನೊಂದು ಬಾಗಿಲು ಊರಲ್ಲೇ ಇರಲಿಲ್ಲ.

ಪಾದೀಯಾರ ಕಣ್ಣು ತೆರೆದದ್ದು ಮಾಸ್ಕೋದಲ್ಲಿ. ಅರವತ್ತರ ದಶಕದ ಆರಂಭದಲ್ಲಿ ಕ್ಯೂಬಾದ ಸುದ್ದಿಸಂಸ್ಥೆಯ ಪರವಾಗಿ ಅಲ್ಲಿದ್ದಾಗ ಯೆವ್ತುಶೆಂಕೊ ಮೊದಲಾದ ಕವಿಗಳ ಒಡನಾಟ ದೊರೆಯಿತು. ಸ್ಟಾಲಿನ್ ಕಾಲದಲ್ಲಿ ಲೇಖಕರು ಹೇಗೆ ಕಾಣೆಯಾದರು, ಉಳಿದವರು ಬದುಕುಳಿಯಲು ಏನೇನು ಹೇಳಬೇಕಾಯಿತು ಎಂಬುದೆಲ್ಲ ಅಲ್ಲಿ ಪಿಸುಮಾತಿನಲ್ಲಿ ಕಿವಿಗೆ ಬಿತ್ತು. ತನ್ನ ದ್ವೀಪ ನಾಳೆ ಹೇಗಿದ್ದೀತೆಂಬ ಸೂಚನೆ ಅವರಿಗೆ ಅಲ್ಲಿ ಸಿಕ್ಕಿರಬೇಕು. 1966ರಲ್ಲಿ ಹವಾನಾಕ್ಕೆ ಮರಳಿದ ಪಾದೀಯಾ ಬೇರೆಯೇ ಮನುಷ್ಯರಾಗಿದ್ದರು. ನಾಲಗೆ ಹರಿತವಾಗಿತ್ತು, ತಮಾಷೆಗೆ ವಿಷದ ಮೊನೆ ಬಂದಿತ್ತು. ಅವರಲ್ಲಿ ತುಸು ಅಹಂಕಾರವೂ ಇತ್ತೆಂದು ಗೆಳೆಯರೇ ಬರೆದಿದ್ದಾರೆ.

ಮೊದಲ ಕಿಡಿ ಹೊತ್ತಿದ್ದು ಒಂದು ಪುಸ್ತಕ ವಿಮರ್ಶೆಯಿಂದ. 1967ರಲ್ಲಿ, ಸಾಂಸ್ಕೃತಿಕ ಇಲಾಖೆಯಲ್ಲಿ ಪ್ರಭಾವವಿದ್ದ ಲಿಸಾಂದ್ರೊ ಓತೆರೊ ಅವರ ಕಾದಂಬರಿಯ ಬಗ್ಗೆ ಅಭಿಪ್ರಾಯ ಕೇಳಲಾಗಿ, ಅದು ಸಾಧಾರಣವೆಂದೂ, ಆ ವೇಳೆಗೆ ದೇಶ ಬಿಟ್ಟಿದ್ದ ಕಾಬ್ರೆರಾ ಇನ್ಫಾಂತೆಯ ಕಾದಂಬರಿಯೇ ಮೇಲೆಂದೂ ಪಾದೀಯಾ ಬರೆದರು. ನಮ್ಮ ಕಡೆ ಇಂಥ ವಿಮರ್ಶೆ ಹೆಚ್ಚೆಂದರೆ ಒಂದೆರಡು ವಾರಗಳ ಪತ್ರಜಗಳಕ್ಕೆ ಕಾರಣವಾದೀತು. ಅಲ್ಲಿ ಅದು ರಾಜಕೀಯ ಅಪರಾಧಕ್ಕೆ ಸಮೀಪದ ಸಂಗತಿಯಾಯಿತು.

ಮರುವರ್ಷ ‘ಆಟದ ಹೊರಗೆ’ ಎಂಬರ್ಥದ ಹೆಸರಿನ ಸಂಕಲನದ ಹಸ್ತಪ್ರತಿಯನ್ನು ಲೇಖಕರ ಒಕ್ಕೂಟದ ಸ್ಪರ್ಧೆಗೆ ಅವರು ಕಳುಹಿಸಿದರು. ಐವರು ತೀರ್ಪುಗಾರರಲ್ಲಿ ಕ್ಯೂಬಾದ ಮಹಾಕವಿ ಹೊಸೆ ಲೆಸಾಮಾ ಲಿಮಾ ಇದ್ದರು, ಇಂಗ್ಲೆಂಡಿನ ವಿದ್ವಾಂಸ ಜೆ. ಎಂ. ಕೋಹೆನ್ ಇದ್ದರು. ಮೇಲಿನಿಂದ ಒತ್ತಡ ಬಂದರೂ ಅವರು ಮಣಿಯದೆ ಬಹುಮಾನವನ್ನು ಪಾದೀಯಾರಿಗೇ ಕೊಟ್ಟರು. ಆ ಪುಸ್ತಕದಲ್ಲಿ ಘೋಷಣೆಗಳಿಲ್ಲ, ಬೈಗುಳವಿಲ್ಲ. ಕಷ್ಟಕಾಲದ ನೆಪದಲ್ಲಿ ಒಬ್ಬ ಮನುಷ್ಯನ ಅವಯವಗಳನ್ನು ಒಂದೊಂದಾಗಿ ದಾನ ಕೇಳುವ ಕವಿತೆ ಅದರಲ್ಲಿದೆ. ಎಲ್ಲರೂ ಆಡುತ್ತಿರುವಾಗ ಸುಮ್ಮನೆ ನಿಂತು ನೋಡುವ ಕವಿಯನ್ನು ಹೊರಗಟ್ಟುವ ಕುರಿತ ಕವಿತೆಯೂ ಇದೆ. ಮಾತು ಸರಳ, ದನಿ ತಗ್ಗಿದ್ದು. ಚಪ್ಪಾಳೆ ತಟ್ಟದವನನ್ನು ವ್ಯವಸ್ಥೆ ಹೇಗೆ ಕಾಣುತ್ತದೆಂಬುದೇ ಅದರ ವಸ್ತು. ಒಕ್ಕೂಟ ಪುಸ್ತಕವನ್ನು ಅಚ್ಚು ಹಾಕಿಸಿತು, ಆದರೆ ಇದು ಕ್ರಾಂತಿಯ ಆಶಯಗಳಿಗೆ ವಿರುದ್ಧವೆಂಬ ಹೇಳಿಕೆಯನ್ನು ಮೊದಲಲ್ಲೇ ಸೇರಿಸಿತು. ಅದೇ ವರ್ಷ ನಾಟಕದ ಬಹುಮಾನ ಪಡೆದ ಆಂತೋನ್ ಅರ್ರುಫಾತ್ ಅವರ ಕೃತಿಗೂ ಇದೇ ಮರ್ಯಾದೆಯಾಯಿತು. ಸೈನ್ಯದ ವಾರಪತ್ರಿಕೆಯಲ್ಲಿ ಗುಪ್ತನಾಮದ ಲೇಖಕರೊಬ್ಬರು ಇಬ್ಬರನ್ನೂ ಝಾಡಿಸಿದರು. ಕವಿತೆಯನ್ನು ವಿಮರ್ಶಿಸಲು ಸೈನ್ಯ ಹೊರಟಿತೆಂಬುದರಿಂದಲೇ ಕಾಲದ ಲಕ್ಷಣ ಗೊತ್ತಾಗುತ್ತದೆ.

ಮುಂದಿನ ಎರಡೂವರೆ ವರ್ಷ ಪಾದೀಯಾ ಹೊರಗೆ ಸ್ವತಂತ್ರ, ಒಳಗೆ ಕಾವಲಿನಲ್ಲಿ. ಕಾದಂಬರಿಯೊಂದನ್ನು ಬರೆಯುತ್ತಿದ್ದರು, ಅದರ ಪ್ರತಿಗಳನ್ನು ಅಲ್ಲಲ್ಲಿ ಅಡಗಿಸುತ್ತಿದ್ದರು, ವಿದೇಶಿ ಅತಿಥಿಗಳೊಡನೆ ಮನಬಿಚ್ಚಿ ಮಾತನಾಡುತ್ತಿದ್ದರು. 1970ರ ಡಿಸೆಂಬರ್‌ನಲ್ಲಿ ಚಿಲಿ ದೇಶದ ರಾಜತಾಂತ್ರಿಕರಾಗಿ ಹವಾನಾಕ್ಕೆ ಬಂದ ಕಾದಂಬರಿಕಾರ ಹೊರ್ಹೆ ಎಡ್ವರ್ಡ್ಸ್ ಅವರ ಆಪ್ತಮಿತ್ರರಾದರು. ಚಿಲಿಯಲ್ಲಿ ಆಗ ಇದ್ದದ್ದೂ ಸಮಾಜವಾದಿ ಸರಕಾರವೇ. ಆದರೂ 1971ರ ಮಾರ್ಚ್ 20ರಂದು ಭದ್ರತಾ ಪೊಲೀಸರು ಪಾದೀಯಾರನ್ನೂ ಅವರ ಹೆಂಡತಿ, ಕವಯಿತ್ರಿ ಬೆಲ್ಕಿಸ್ ಕೂಸಾ ಮಲೆ ಅವರನ್ನೂ ಬಂಧಿಸಿದರು. ಎರಡು ದಿನಗಳಲ್ಲಿ ಎಡ್ವರ್ಡ್ಸ್ ದೇಶ ಬಿಡಬೇಕಾಯಿತು. ಬೆಲ್ಕಿಸ್ ಬೇಗ ಬಿಡುಗಡೆಯಾದರು. ಪಾದೀಯಾ ಒಂದು ತಿಂಗಳಿಗೂ ಹೆಚ್ಚು ಕಾಲ ಒಳಗಿದ್ದರು.

ಏಪ್ರಿಲ್ 27ರ ರಾತ್ರಿ ಲೇಖಕರ ಒಕ್ಕೂಟದ ಸಭಾಂಗಣಕ್ಕೆ ಆಹ್ವಾನಿತರನ್ನು ಮಾತ್ರ ಬಿಟ್ಟುಕೊಂಡರು. ಅಧ್ಯಕ್ಷ ಕವಿ ನಿಕೊಲಾಸ್ ಗಿಯೆನ್ ಅನಾರೋಗ್ಯದಿಂದ ಬರಲಿಲ್ಲವೆಂದು ತಿಳಿಸಲಾಯಿತು. ಅವರ ಬದಲು ಹೊಸೆ ಆಂತೋನಿಯೊ ಪೊರ್ತುವೊಂದೊ ಸಭೆಯನ್ನು ನಡೆಸಿದರು. ಆಗಷ್ಟೇ ಸೆರೆಯಿಂದ ಹೊರಬಂದ ಪಾದೀಯಾ ಮೇಜಿನ ಹಿಂದೆ ಕುಳಿತು ದೀರ್ಘವಾಗಿ ಮಾತನಾಡಿದರು. ತಾನು ಕ್ರಾಂತಿಗೆ ಕೃತಘ್ನನಾದೆ, ತನ್ನ ಕವಿತೆಗಳು ಹತಾಶೆಯ ವಿಷ, ವಿದೇಶದ ಕೀರ್ತಿಗಾಗಿ ತಾನು ಹಾಗೆ ಬರೆದೆ, ಪೊಲೀಸರು ತನ್ನನ್ನು ಸಹೃದಯರಂತೆ ನಡೆಸಿಕೊಂಡರು ಎಂಬುದು ಅವರ ಮಾತಿನ ಸಾರ. ಅಷ್ಟಕ್ಕೆ ಮುಗಿದಿದ್ದರೆ ಒಬ್ಬ ಸೆರೆಯಾಳಿನ ನಿರುಪಾಯದ ತಪ್ಪೊಪ್ಪಿಗೆಯೆಂದು ಲೋಕ ಮರುಗಿ ಮರೆತುಬಿಡುತ್ತಿತ್ತು. ಆದರೆ ಅವರು ಹೆಸರುಗಳನ್ನು ಹೇಳತೊಡಗಿದರು. ಎದುರಿಗೇ ಕುಳಿತಿದ್ದ ಹೆಂಡತಿಯ ಹೆಸರು, ಗೆಳೆಯರಾದ ಪಾಬ್ಲೊ ಅರ್ಮಾಂದೊ ಫೆರ್ನಾಂದೆಸ್, ಸೆಸಾರ್ ಲೋಪೆಸ್, ಮನುವೆಲ್ ದಿಯಾಸ್ ಮಾರ್ತಿನೆಸ್ ಅವರ ಹೆಸರು, ಸಭೆಗೆ ಬಾರದಿದ್ದ ವೃದ್ಧ ಲೆಸಾಮಾ ಲಿಮಾ ಅವರ ಹೆಸರು. ತನಗೆ ಬಹುಮಾನ ಕೊಡಲು ಗಟ್ಟಿಯಾಗಿ ನಿಂತವರನ್ನೇ ತನ್ನಂತೆ ದಾರಿ ತಪ್ಪಿದವರ ಸಾಲಿಗೆ ಸೇರಿಸಿದರು. ಹೆಸರು ಕರೆಸಿಕೊಂಡವರು ಒಬ್ಬೊಬ್ಬರಾಗಿ ಎದ್ದು ಮೈಕಿನ ಮುಂದೆ ತಮ್ಮ ತಪ್ಪನ್ನು ಒಪ್ಪಿಕೊಂಡರು. ತರುಣ ಕತೆಗಾರ ನೊರ್ಬೆರ್ತೊ ಫುಯೆಂತೆಸ್ ಒಬ್ಬರು ಮಾತ್ರ, ತಾನು ನಾಚಿಕೊಳ್ಳಬೇಕಾದದ್ದೇನನ್ನೂ ಮಾಡಿಲ್ಲವೆಂದು ಸಭೆಯಲ್ಲೇ ತಕರಾರೆತ್ತಿದರು.

ಆ ರಾತ್ರಿಯ ಬಗ್ಗೆ ಇಂದಿಗೂ ಎರಡು ಮಾತುಗಳಿವೆ. ಹೆದರಿ ಕುಸಿದ ಮನುಷ್ಯ ಬರೆದುಕೊಟ್ಟದ್ದನ್ನು ಒಪ್ಪಿಸಿದನೆಂಬುದು ಒಂದು. ಮಾಸ್ಕೋದ ಮೂವತ್ತರ ದಶಕದ ವಿಚಾರಣೆಗಳ ಶೈಲಿಯನ್ನೇ ಎರವಲು ಪಡೆದು, ಹೊರಗಿನ ಲೋಕಕ್ಕೆ ಇದು ಬಲವಂತದ ನಾಟಕವೆಂದು ತಿಳಿಯಲಿ ಎಂದೇ ಅತಿರೇಕವಾಗಿ ಮಾತನಾಡಿದರೆಂಬುದು ಇನ್ನೊಂದು. ನನಗೆ ಎರಡೂ ನಿಜವೆಂದೇ ತೋರುತ್ತದೆ. ಭಯವೂ ಜಾಣ್ಮೆಯೂ ಒಂದೇ ಎದೆಯಲ್ಲಿ ಇರಲಾರವೆಂದು ಯಾರು ಹೇಳಿದರು? ಆದರೆ ಗೆಳೆಯರ ಹೆಸರುಗಳಿಗೆ ತಗಲಿದ ಮಸಿ ಎರಡು ಅರ್ಥದಲ್ಲೂ ಒಂದೇ. ಲೇಖಕನ ಬಾಯಿ ಮುಚ್ಚಿಸಿದರೆ ಅವನ ಮೌನಕ್ಕಾದರೂ ಒಂದು ಗೌರವ ಉಳಿಯುತ್ತದೆ. ಆ ವ್ಯವಸ್ಥೆಗೆ ಮೌನ ಸಾಲಲಿಲ್ಲ. ಅವರದೇ ನಾಲಗೆಯಿಂದ, ಅವರದೇ ವಾಕ್ಚಾತುರ್ಯದಿಂದ, ಅವರ ಗೆಳೆತನಗಳನ್ನು ಒಡೆಯಿಸಿತು.

ಜಗತ್ತಿನ ಎಡಪಂಥೀಯ ಲೇಖಕರಿಗೆ ಇದು ಸಿಡಿಲಿನಂತೆ ಬಡಿಯಿತು. ಬಂಧನದ ಸುದ್ದಿ ತಿಳಿದೊಡನೆ, ಏಪ್ರಿಲ್ 9ರಂದೇ, ಸಾರ್ತ್ರ್, ಸಿಮೋನ್ ದ ಬೊವ್ವಾರ್, ಹೂಲಿಯೊ ಕೊರ್ತಾಸಾರ್, ಮಾರಿಯೊ ವಾರ್ಗಾಸ್ ಯೋಸಾ ಮೊದಲಾದವರು ಕ್ಯಾಸ್ಟ್ರೊಗೆ ಬರೆದ ಪತ್ರ ಪ್ಯಾರಿಸ್ಸಿನ ‘ಲ ಮೋಂದ್’ ಪತ್ರಿಕೆಯಲ್ಲಿ ಪ್ರಕಟವಾಗಿತ್ತು. ತಪ್ಪೊಪ್ಪಿಗೆಯ ನಂತರ ಮೇ ತಿಂಗಳಲ್ಲಿ ಇನ್ನೂ ಕಟುವಾದ ಎರಡನೆಯ ಪತ್ರ ಬಂದಿತು. ಅರವತ್ತಕ್ಕೂ ಹೆಚ್ಚು ಮಂದಿ ಸಹಿ ಹಾಕಿದರು. ಕೊರ್ತಾಸಾರ್ ಅದಕ್ಕೆ ಸಹಿ ಹಾಕಲಿಲ್ಲ. ಗಾರ್ಸಿಯಾ ಮಾರ್ಕೆಸ್ ಕ್ಯಾಸ್ಟ್ರೊ ಸ್ನೇಹವನ್ನು ಕೊನೆಯವರೆಗೂ ಬಿಡಲಿಲ್ಲ. ವಾರ್ಗಾಸ್ ಯೋಸಾ ಅಲ್ಲಿಂದ ಮುಂದೆ ಕ್ಯೂಬಾದ ಕಡು ಟೀಕಾಕಾರರಾದರು. ಲ್ಯಾಟಿನ್ ಅಮೆರಿಕದ ಸಾಹಿತ್ಯ ಬಳಗ ಹೀಗೆ ಎರಡಾಗಿ ಸೀಳಿತು. ಕ್ಯಾಸ್ಟ್ರೊ ಅವರಂತೂ ಏಪ್ರಿಲ್ 30ರಂದು ಶಿಕ್ಷಣ ಮತ್ತು ಸಂಸ್ಕೃತಿ ಸಮ್ಮೇಳನದ ಸಮಾರೋಪದಲ್ಲಿ ಇಂಥ ವಿದೇಶಿ ಬುದ್ಧಿಜೀವಿಗಳಿಗೆ ತಮ್ಮ ದೇಶದ ಬಾಗಿಲು ಮುಚ್ಚಿತೆಂದು ಸಾರಿಬಿಟ್ಟರು.

ಕನ್ನಡಿಗರಿಗೆ ಇದನ್ನು ಓದುವಾಗ ತುರ್ತು ಪರಿಸ್ಥಿತಿಯ ದಿನಗಳು ನೆನಪಾಗದೆ ಇರವು. ‘ಸಂಸ್ಕಾರ’ ಚಿತ್ರದ ಚಂದ್ರಿಯಾಗಿ ನಾವು ಬಲ್ಲ ಸ್ನೇಹಲತಾ ರೆಡ್ಡಿ ಅವರನ್ನು 1976ರಲ್ಲಿ ಬಂಧಿಸಿ ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿ ಇಟ್ಟರು. ಉಬ್ಬಸದಿಂದ ಬಳಲಿ ಬೆಂಡಾದ ಮೇಲೆ 1977ರ ಜನವರಿಯಲ್ಲಿ ಪೆರೋಲಿನ ಮೇಲೆ ಬಿಟ್ಟರು; ಕೆಲವೇ ದಿನಗಳಲ್ಲಿ ಅವರು ತೀರಿಕೊಂಡರು. ಕ್ರೌರ್ಯದಲ್ಲಿ ನಾವೇನೂ ಹಿಂದೆ ಬಿದ್ದವರಲ್ಲ. ಆದರೆ ಅದೇ ಮಾರ್ಚ್‌ನಲ್ಲಿ ಚುನಾವಣೆ ನಡೆಯಿತು, ಸೆರೆಯಲ್ಲಿದ್ದವರು ಗೆದ್ದರು, ಸೆರೆಗೆ ಹಾಕಿದವರು ಸೋತರು. ಹವಾನಾದ ಪಂಜರಕ್ಕೆ ಅಂಥ ಕಿಂಡಿ ಇರಲಿಲ್ಲ. ನಮ್ಮ ಇಪ್ಪತ್ತೊಂದು ತಿಂಗಳುಗಳನ್ನು ದಶಕಗಳಿಂದ ಗುಣಿಸಿ ನೋಡಿದರೆ ಪಾದೀಯಾರ ಪಾಡು ಅಂದಾಜಿಗೆ ಸಿಕ್ಕೀತು.

1971ರ ನಂತರದ ವರ್ಷಗಳನ್ನು ಕ್ಯೂಬಾದ ಲೇಖಕರು ಬೂದುಬಣ್ಣದ ಐದು ವರ್ಷಗಳೆಂದು ಕರೆಯುತ್ತಾರೆ. ಐದಕ್ಕೆ ಮುಗಿಯಲಿಲ್ಲವೆನ್ನುವವರೂ ಇದ್ದಾರೆ. ಅರ್ರುಫಾತ್ ಅವರನ್ನು ಹವಾನಾದ ಹೊರವಲಯದ ಗ್ರಂಥಾಲಯವೊಂದರಲ್ಲಿ ಪುಸ್ತಕದ ಕಟ್ಟು ಕಟ್ಟುವ ಕೆಲಸಕ್ಕೆ ಹಾಕಿದರು. ಲೆಸಾಮಾ ಲಿಮಾ ತಮ್ಮ ಹೊಸ ಪುಸ್ತಕ ಸ್ವದೇಶದಲ್ಲಿ ಅಚ್ಚಾಗುವುದನ್ನು ಕಾಣದೆ 1976ರಲ್ಲಿ ಕಣ್ಮುಚ್ಚಿದರು. ಪಾದೀಯಾರಿಗೆ ಅನುವಾದದ ಕೆಲಸ ಸಿಕ್ಕಿತು. ಸಂಬಳವಿತ್ತು, ಸ್ವಂತ ಹೆಸರಿನ ಕವಿತೆಗೆ ಜಾಗವಿರಲಿಲ್ಲ. ಇಂಗ್ಲಿಷ್ ರಮ್ಯ ಕವಿಗಳನ್ನು ಸ್ಪ್ಯಾನಿಷ್‌ಗೆ ತರುತ್ತ, ದಾರಿಯಲ್ಲಿ ಕಂಡ ಹಳೆಯ ಗೆಳೆಯರು ಮುಖ ತಿರುಗಿಸುವುದನ್ನು ನೋಡುತ್ತ ಒಂಬತ್ತು ವರ್ಷ ಕಳೆದರು. 1979ರಲ್ಲಿ ಹೆಂಡತಿಗೂ ಎಳೆಯ ಮಗನಿಗೂ ದೇಶ ಬಿಡಲು ಅನುಮತಿ ಸಿಕ್ಕಿತು. ಪಾದೀಯಾರಿಗೆ ಸಿಕ್ಕಿದ್ದು 1980ರ ಮಾರ್ಚ್‌ನಲ್ಲಿ, ಅಮೆರಿಕದ ಸೆನೆಟರ್ ಎಡ್ವರ್ಡ್ ಕೆನಡಿ ಮಧ್ಯೆ ಬಂದ ಮೇಲೆ.

ಅವರು ಹೊರಟು ಕೆಲವೇ ವಾರಗಳಲ್ಲಿ ಮರಿಯೆಲ್ ಬಂದರಿನ ಮಹಾ ವಲಸೆ ಆರಂಭವಾಯಿತು. ಆ ಬೇಸಿಗೆಯಲ್ಲಿ ಸುಮಾರು 1,25,000 ಮಂದಿ ಸಿಕ್ಕಿದ ದೋಣಿ ಹತ್ತಿ ಫ್ಲಾರಿಡಾ ಸೇರಿದರು. ಅವರಲ್ಲಿ ಕೆಲವು ಸಾವಿರ ಜನರ ಕತೆ ಅಟ್ಲಾಂಟಾಕ್ಕೆ ಬಂದು ನಿಲ್ಲುತ್ತದೆ. ಅಮೆರಿಕ ಅವರಿಗೆ ಪ್ರವೇಶ ಕೊಡಲಿಲ್ಲ, ಕ್ಯೂಬಾ ಹಿಂದಕ್ಕೆ ಕರೆಯಲಿಲ್ಲ. ನಗರದ ಆಗ್ನೇಯ ಭಾಗದ ಫೆಡರಲ್ ಸೆರೆಮನೆಯಲ್ಲಿ ಬಹಳಷ್ಟು ಮಂದಿ ಅವಧಿಯೇ ಗೊತ್ತಿಲ್ಲದ ಸೆರೆವಾಸದಲ್ಲಿ ಕೊಳೆತರು. 1987ರ ನವೆಂಬರ್‌ನಲ್ಲಿ ತಮ್ಮನ್ನು ಕ್ಯೂಬಾಕ್ಕೆ ವಾಪಸು ಕಳುಹಿಸುತ್ತಾರೆಂಬ ಸುದ್ದಿ ಕೇಳಿ ಅವರು ದಂಗೆಯೆದ್ದು, ಕಾವಲುಗಾರರನ್ನು ಒತ್ತೆಯಿಟ್ಟುಕೊಂಡು ಹನ್ನೊಂದು ದಿನ ಸೆರೆಮನೆಯನ್ನು ಹಿಡಿದಿಟ್ಟರು. ಅಟ್ಲಾಂಟಾದ ಸೆರೆಯೇ ವಾಸಿ, ತವರು ಬೇಡ ಎಂದು ಜನ ಬೆಂಕಿ ಹಚ್ಚಿದ ಈ ಪ್ರಸಂಗ ಎರಡು ದೇಶಗಳಿಗೂ ಶೋಭೆ ತರುವಂಥದಲ್ಲ. ನಾವು ವೀಸಾ ಮುದ್ರೆ ಒತ್ತಿಸಿಕೊಂಡು ವಿಮಾನದಲ್ಲಿ ಬಂದವರು, ಬೇಕೆಂದಾಗ ಯುಗಾದಿಗೋ ಮದುವೆಗೋ ಊರಿಗೆ ಹೋಗಿ ಬರುವವರು. ಹೊರನಾಡು ಎಂಬ ಒಂದೇ ಪದವನ್ನು ನಮಗೂ ಅವರಿಗೂ ಬಳಸುವಾಗ ಕೊಂಚ ಸಂಕೋಚವಾಗುತ್ತದೆ.

ಅಮೆರಿಕಕ್ಕೆ ಬಂದ ಪಾದೀಯಾ ನ್ಯೂಜೆರ್ಸಿಯ ಪ್ರಿನ್ಸ್‌ಟನ್‌ನಲ್ಲಿ ಮನೆ ಹೂಡಿದರು. 1982ರಲ್ಲಿ ಬೆಲ್ಕಿಸ್ ಜೊತೆಗೂಡಿ, ತಾವಿದ್ದ ಬೀದಿಯ ಹೆಸರಿನಲ್ಲೇ ‘ಲಿಂಡನ್ ಲೇನ್’ ಎಂಬ ಸಾಹಿತ್ಯ ಪತ್ರಿಕೆ ಆರಂಭಿಸಿದರು. ದೇಶಭ್ರಷ್ಟ ಕ್ಯೂಬಾ ಲೇಖಕರಿಗೆ ಅದೊಂದು ಜಗಲಿಯಾಯಿತು. ಹವಾನಾದಿಂದ ಗುಟ್ಟಾಗಿ ತಂದ ಕಾದಂಬರಿ ಬೆಳಕು ಕಂಡಿತು; 1989ರಲ್ಲಿ ಆತ್ಮಕಥನವೂ ಬಂತು. ಕವಿತೆಗಳು ಇಂಗ್ಲಿಷಿಗೂ ಹೋದವು. ಆದರೆ ಎಲ್ಲಿಗೆ ಹೋದರೂ ಜನ ಕೇಳುತ್ತಿದ್ದುದು ಆ ಒಂದು ರಾತ್ರಿಯ ಬಗ್ಗೆಯೇ. ಕ್ಯಾಸ್ಟ್ರೊ ವಿರುದ್ಧ ಎಷ್ಟು ಕಟುವಾಗಿ ಮಾತನಾಡಿದರೂ ಮಯಾಮಿಯ ಕೆಲವರಿಗೆ ಅದು ಸಾಲದು, ಹಳೆಯ ಎಡಪಂಥೀಯರಿಗೆ ಅದು ಅತಿ. ಪಾದೀಯಾ ಪ್ರಕರಣವೆಂಬ ಮಾತು ಪಾದೀಯಾ ಕಾವ್ಯವೆಂಬ ಮಾತನ್ನು ನುಂಗಿಹಾಕಿತು. ಅವರ ಬಗ್ಗೆ ಬರೆಯುವ ಈ ಲೇಖನವೂ ಆ ದೋಷದಿಂದ ಪಾರಾಗಿಲ್ಲ. ವಿಶ್ವವಿದ್ಯಾಲಯದಿಂದ ವಿಶ್ವವಿದ್ಯಾಲಯಕ್ಕೆ ಸಂದರ್ಶಕ ಪ್ರಾಧ್ಯಾಪಕರಾಗಿ ಅಲೆಯುತ್ತಲೇ ಇಪ್ಪತ್ತು ವರ್ಷ ಉರುಳಿದವು.

1999ರಲ್ಲಿ ಆ ಅಲೆದಾಟ ಅವರನ್ನು ನಮ್ಮ ಜಾರ್ಜಿಯಾಕ್ಕೆ ತಂದಿತು. ಅಟ್ಲಾಂಟಾದಿಂದ ಸುಮಾರು ನೂರು ಮೈಲಿ ದೂರದ ಕೊಲಂಬಸ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ, ಕ್ಯೂಬಾ ಮೂಲದ ಎಲೆನಾ ಅಮೋಸ್ ಹೆಸರಿನ ಪೀಠದಲ್ಲಿ ಒಂದು ವರ್ಷ ಪಾಠ ಹೇಳಿದರು. ಅದೇ ವರ್ಷದ ನವೆಂಬರ್‌ನಲ್ಲಿ ಎಲಿಯಾನ್ ಗೊನ್ಸಾಲೆಸ್ ಎಂಬ ಐದು ವರ್ಷದ ಹುಡುಗ ತಾಯಿಯನ್ನು ಕಡಲಿನಲ್ಲಿ ಕಳೆದುಕೊಂಡು ಫ್ಲಾರಿಡಾ ತೀರದ ಬಳಿ ಸಿಕ್ಕಿದ. ಅವನು ಮಯಾಮಿಯ ಬಂಧುಗಳಲ್ಲಿ ಇರಬೇಕೋ, ಕ್ಯೂಬಾದಲ್ಲಿರುವ ತಂದೆಯ ಬಳಿಗೆ ಹೋಗಬೇಕೋ ಎಂಬ ವ್ಯಾಜ್ಯ ಅಟ್ಲಾಂಟಾದ ಮೇಲ್ಮನವಿ ನ್ಯಾಯಾಲಯದ ಮುಂದೆ ಬಂದಿತು. 2000ದ ಜೂನ್ 1ರಂದು ಬಂಧುಗಳ ಮನವಿ ಬಿದ್ದುಹೋಯಿತು. ಅದೇ ತಿಂಗಳ ಕೊನೆಗೆ ಹುಡುಗ ತಂದೆಯೊಡನೆ ಹವಾನಾ ಸೇರಿದ.

ಆ ವರ್ಷದ ಶರತ್ಕಾಲದ ಅವಧಿಗೆ ಪಾದೀಯಾ ಗಡಿ ದಾಟಿ ಆಬರ್ನ್‌ನಲ್ಲಿ ಪಾಠ ಹೇಳಲು ಹೋದರು. ಸೆಪ್ಟೆಂಬರ್ 25ರಂದು ಅಲ್ಲಿಯ ಮನೆಯಲ್ಲಿ ಅವರು ಸತ್ತಿರುವುದು ಕಂಡುಬಂತು. ವಯಸ್ಸು 68. ದೇಶ ಬಿಟ್ಟ ಮೇಲೆ ಕ್ಯೂಬಾದ ನೆಲವನ್ನು ಅವರು ಮತ್ತೆ ಮೆಟ್ಟಲಿಲ್ಲ.

1971ರ ಆ ರಾತ್ರಿಯನ್ನು ಸರಕಾರ ಕ್ಯಾಮೆರಾಗಳಲ್ಲಿ ಚಿತ್ರಿಸಿಟ್ಟಿತ್ತು. ಐವತ್ತು ವರ್ಷ ಯಾರಿಗೂ ತೋರಿಸದ ಆ ರೀಲುಗಳನ್ನು ಬಳಸಿ ಕ್ಯೂಬಾ ಮೂಲದ ನಿರ್ದೇಶಕ ಪಾವೆಲ್ ಹಿರೋದ್ 2022ರಲ್ಲಿ ಸಾಕ್ಷ್ಯಚಿತ್ರವೊಂದನ್ನು ಹೊರತಂದರು. ಕಪ್ಪು ಬಿಳುಪಿನ ಚಿತ್ರದಲ್ಲಿ ಪಾದೀಯಾ ಬೆವರುತ್ತಾರೆ, ಕೈ ಬೀಸುತ್ತಾರೆ, ಎದುರಿನ ಸಾಲುಗಳಲ್ಲಿ ಕುಳಿತವರು ಒಬ್ಬರ ಮುಖ ಒಬ್ಬರು ನೋಡದೆ ಕೇಳುತ್ತಾರೆ. ಅದೇ ವರ್ಷದ ಜೂನ್‌ನಲ್ಲಿ ಹವಾನಾದ ನ್ಯಾಯಾಲಯ ಕಲಾವಿದ ಲೂಯಿಸ್ ಮನುವೆಲ್ ಓತೆರೊ ಅಲ್ಕಾಂತಾರಾಗೆ 5 ವರ್ಷ, ಗಾಯಕ ಮೈಕೆಲ್ ಒಸೊರ್ಬೊಗೆ 9 ವರ್ಷ ಸೆರೆವಾಸ ವಿಧಿಸಿತ್ತು.